ಬಿಳಿ ಟೈಲ್ಸಿನ ಬಚ್ಚಲು

ನಮ್ಮ ಬಚ್ಚಲಿನ ನೆಲ ಒಡೆಸಿದಾಗ ನಾನು ಹತ್ತನೇ ಕ್ಲಾಸಿನಲ್ಲಿದ್ದೆ. ಓಮಲೂರಿನ ಬಸ್‌ಸ್ಟ್ಯಾಂಡಿಗೆ ಕೂಗಳತೆಯಲ್ಲಿ ನಮ್ಮ ಮನೆ. ತಾಲೂಕು ಆಫೀಸಿನಲ್ಲಿ ಗುಮಾಸ್ತನಾಗಿದ್ದ ಅಪ್ಪ, ಅವ್ವ, ಅಪ್ಪನನ್ನು ಹೆತ್ತ ಅಜ್ಜಿ, ನಾನು, ಇಷ್ಟೇ ಜನ. ಬೀದಿಯಲ್ಲಿ ತಮಿಳು, ಹೊಸಿಲು ದಾಟಿದರೆ ಕನ್ನಡ.

ಹಳೆಯ ಬಚ್ಚಲಿಗೆ ಚಪ್ಪಡಿ ಕಲ್ಲು ಹಾಸಿತ್ತು. ಸಂದುಗಳ ಗಾರೆ ಕಿತ್ತುಹೋಗಿ, ನೀರೆಲ್ಲ ಕಲ್ಲಿನಡಿಗೆ ಇಳಿದು, ಆಚೆ ಬದಿಯ ಅಡುಗೆಮನೆಯ ಗೋಡೆ ವರ್ಷವಿಡೀ ಒದ್ದೆಯಾಗಿರುತ್ತಿತ್ತು. ಅಜ್ಜಿ ಮಾತ್ರ ಆ ಕಲ್ಲಿನ ಮೇಲೆ ಕಾಲು ಚಾಚಿ ಕೂತು, ತಾತ ತೀರಿಕೊಂಡ ಮೇಲೂ ಬಿಡದೆ ಮೈಗೆಲ್ಲ ಅರಿಶಿನ ತಿಕ್ಕಿಕೊಂಡು ಗಂಟೆಗಟ್ಟಲೆ ಮೀಯುತ್ತಿದ್ದಳು. ಅವ್ವನೂ ಅಜ್ಜಿಯೂ ಒಬ್ಬರಿಗೊಬ್ಬರು ನೇರವಾಗಿ ಮಾತಾಡಿದ್ದನ್ನು ನಾನು ಕಂಡದ್ದು ಕಡಿಮೆ. ಅತ್ತೆ ಸೊಸೆ ಎಂದರೆ ಎಲ್ಲ ಮನೆಯಲ್ಲೂ ಹೀಗೇ ಎಂದುಕೊಂಡಿದ್ದೆ.

ಅದಿಯಮಾನ್‌ಕೋಟೆಯಿಂದ ಬಂದ ಮೇಸ್ತ್ರಿ ಎರಡು ದಿನ ಕಲ್ಲು ಕಿತ್ತ. ಕೆಳಗಿನ ಮಣ್ಣು ಕಪ್ಪಗೆ ಕೊಳೆತು ನಾರುತ್ತಿತ್ತು. ಅದನ್ನು ತೋಡಿ ಹಾಕಿ, ಜಲ್ಲಿ ತುಂಬಿ ದಮ್ಮಸ್ಸು ಮಾಡಿ, ನೀರು ಮೂಲೆಗೆ ಹರಿಯುವಂತೆ ಸಿಮೆಂಟಿನಲ್ಲಿ ಇಳಿಜಾರು ಕಟ್ಟಿದ. ಟೈಲ್ಸು ಸೇಲಂನಿಂದ ಬಂತು. ಅವ್ವನೇ ಹೋಗಿ ಆರಿಸಿದ್ದು. ಹಾಲಿನಂಥ ಬಿಳಿ, ಕನ್ನಡಿಯಂಥ ನುಣುಪು. ಮೇಸ್ತ್ರಿ ಒಂದನ್ನು ಕೈಗೆತ್ತಿಕೊಂಡು ಹೆಬ್ಬೆರಳಲ್ಲಿ ಸವರಿ ನೋಡಿದ.

“ಅಮ್ಮಾ, ಇದು ಗೋಡೆಗೆ ಅಂಟ್ಸೋದು. ನೆಲಕ್ಕೆ ಹಾಕ್ಬಾರದು, ಜಾರ್ತೈತೆ. ಮನೇಲಿ ವಯಸಾದೋರು ಅವ್ರೆ. ತರಿ ತರಿ ಇರೋದು ಸಿಗ್ತೈತೆ, ಬದ್ಲಾಯ್ಸಿ ತಕ್ಕಂಬನ್ನಿ.”

“ಇದೇ ಇರ್ಲಿ,” ಎಂದಳು ಅವ್ವ. “ಜಾರೋರು ಒಳಕ್ಕೆ ಬರೋದು ಬ್ಯಾಡ.”

ಅಜ್ಜಿ ನಡುಮನೆಯಲ್ಲಿ ಕೂತು ಅಕ್ಕಿ ಆರಿಸುತ್ತಿದ್ದಳು. ಅವಳ ಕೈ ನಿಂತದ್ದನ್ನು ನಾನು ನೋಡಿದೆ. ಮತ್ತೆ ಆರಿಸತೊಡಗಿದಳು.

ಮೇಸ್ತ್ರಿ ಟೈಲ್ಸನ್ನು ಬಕೇಟಿನ ನೀರಿನಲ್ಲಿ ನೆನೆಹಾಕಿದ. ಒಂದೊಂದನ್ನೇ ಕೂರಿಸಿ, ಕರಣೆಯ ಹಿಡಿಯಿಂದ ಮೆಲ್ಲಗೆ ತಟ್ಟಿ, ಕಿವಿಗೊಟ್ಟು ಕೇಳುತ್ತಿದ್ದ. ಟೊಳ್ಳು ಸದ್ದು ಬಂದರೆ ಕಿತ್ತು ಮತ್ತೆ ಹಾಕುತ್ತಿದ್ದ. ಕೊನೆಗೆ ಸಂದುಗಳಿಗೆ ಬಿಳಿ ಸಿಮೆಂಟು ತುಂಬಿ, ಹೊರಡುವಾಗ ಅವ್ವನಿಗೆ ಹೇಳಿದ: “ಸಂದಿಗೆ ಅರಿಶಿನ ಬೀಳ್ದಂಗೆ ನೋಡ್ಕಳ್ಳಿ. ಸಿಮೆಂಟು ತಾಕಿದ್ರೆ ಕೆಂಪಗಾಗ್ಬಿಡ್ತೈತೆ. ಆಮೇಲೆ ಓಗಲ್ಲ.”

ಮಾರನೆಯ ದಿನವೇ ಅವ್ವ ಕಿತ್ತ ಚಪ್ಪಡಿಗಳಲ್ಲಿ ಒಂದನ್ನು ಹಿತ್ತಲಿನ ನುಗ್ಗೆಮರದ ಬುಡಕ್ಕೆ ಎಳೆಸಿ, ಮೂರು ಕಡೆ ತೆಂಗಿನ ಗರಿ ಕಟ್ಟಿಸಿದಳು. “ಅತ್ತೆ, ನೀವು ಇನ್ಮೇಲೆ ಇಲ್ಲಿ ಮೀಕಳ್ಳಿ,” ಎಂದಳು. ನಾನು ಹುಟ್ಟಿದ ಮೇಲೆ ಅವಳು ಅಜ್ಜಿಯ ಜೊತೆ ಅಷ್ಟು ಮೃದುವಾಗಿ ಮಾತಾಡಿದ್ದು ಅದೇ ಮೊದಲು. ಎಪ್ಪತ್ತು ದಾಟಿದ ಅಜ್ಜಿ ಸೀರೆ ಎದೆಗೆ ಕಟ್ಟಿಕೊಂಡು, ಬಿಂದಿಗೆ ಹಿಡಿದು, ಪಕ್ಕದ ಮನೆಯ ಮಾಳಿಗೆಯಿಂದ ಯಾರಾದರೂ ನೋಡುತ್ತಾರೋ ಎಂದು ತಲೆಯೆತ್ತಿ ನೋಡುತ್ತಾ ಮೀಯುವುದನ್ನು ಕಲಿತಳು. ನನಗೆ ಸಂಕಟವೇನೂ ಆಗಲಿಲ್ಲ. ನನಗೆ ಹೊಸ ಬಚ್ಚಲಿನ ಮೋಹ. ಗೆಳತಿಯರನ್ನು ಕರೆತಂದು ತೋರಿಸಿದ್ದೆ.

ಒಂದು ದಿನ ಅವ್ವ ಮದುವೆಗೆಂದು ಸೇಲಂಗೆ ಹೋದಳು. ಬೆಳಗ್ಗೆಯಿಂದ ಜಡಿಮಳೆ. ಅಪ್ಪ ಹಿತ್ತಲ ಕಡೆ ನೋಡಿ, “ಇವತ್ತೊಂದಿನ ಒಳಗೇ ಮೀಕಳವ್ವಾ,” ಎಂದ. ಅಜ್ಜಿ ಗೋಡೆ ಹಿಡಿದು ಒಳಗೆ ಹೋಗಿ, ಐದೇ ನಿಮಿಷದಲ್ಲಿ ಮಿಂದು, ನಾಲ್ಕು ಚೊಂಬು ನೀರು ಹೊಯ್ದು ನೆಲ ತೊಳೆದು ಬಂದಳು. ನಾನು ಆಮೇಲೆ ಹೋಗಿ ನೋಡಿದೆ. ಒಂದು ಕಲೆಯೂ ಇರಲಿಲ್ಲ.

ಆ ಮಧ್ಯಾಹ್ನ ನಾನು ಬೇಲಿಯ ಗೋರಂಟಿ ಸೊಪ್ಪು ತಂದು, ಅರೆದು, ಎರಡೂ ಅಂಗೈಗೆ ಮೆತ್ತಿಕೊಂಡು ಮಲಗಿದೆ. ಎದ್ದು ಹೊಸ ಬಚ್ಚಲಿಗೆ ಹೋಗಿ ಕೈ ಕೆರೆದೆ. ಮುದ್ದೆ ಮುದ್ದೆಯಾಗಿ ನೆಲಕ್ಕೆ ಬಿತ್ತು. ಅಂಗೈ ಎಷ್ಟು ಕೆಂಪಾಗಿದೆ ಎಂದು ಬೆಳಕಿಗೆ ಹಿಡಿದು ನೋಡುತ್ತಾ ಬಂದುಬಿಟ್ಟೆ. ತೊಳೆಯಬೇಕೆಂದು ನೆನಪಾಗಿ ಹೋದಾಗ ಹೊತ್ತು ಇಳಿದಿತ್ತು. ಟೈಲ್ಸು ತೊಳೆದು ಹೋಯಿತು. ಸಂದುಗಳಲ್ಲಿ ಮಾತ್ರ ಎರಡು ಮೊಳದುದ್ದ ಕೆಂಪು ಗೆರೆಗಳು ಉಳಿದವು.

ಅವ್ವ ಅವತ್ತು ರಾತ್ರಿ ದಣಿದು ಬಂದು ಮಲಗಿದಳು. ಬೆಳಗ್ಗೆ ನೋಡಿದಳು. ಕೂಗಲಿಲ್ಲ. ತೆಂಗಿನ ನಾರು, ಸೋಪಿನ ಪುಡಿ ತಂದು ಅಜ್ಜಿಯ ಮುಂದಿಟ್ಟಳು.

“ಅರಿಶಿನ ನಿಮ್ದು ತಾನೆ? ಉಜ್ಜಿ.”

ಅಪ್ಪ ಶರ್ಟಿನ ಗುಂಡಿ ಹಾಕುತ್ತಿದ್ದವನು, “ಬಿಡೇ, ವಯಸ್ಸಾದೋಳು, ನಾನೇ ಓಗು ಅಂದಿದ್ದು,” ಎಂದ.

“ಅಂಗಾದ್ರೆ ನೀವು ಉಜ್ಜಿ,” ಎಂದಳು ಅವ್ವ.

ಅಪ್ಪ ಸೈಕಲ್ ತೆಗೆದುಕೊಂಡು ಆಫೀಸಿಗೆ ಹೋದ.

ಅಜ್ಜಿ ಮಂಡಿಯೂರಿ ಉಜ್ಜತೊಡಗಿದಳು. ಸೋಪಿನ ನೊರೆಗೆ ಆ ನುಣುಪು ನೆಲದ ಮೇಲೆ ಮಂಡಿ ಹಿಂದಕ್ಕೆ ಜಾರುತ್ತಿತ್ತು. ಒಂದು ಕೈಯಲ್ಲಿ ನೆಲ ಒತ್ತಿ ಹಿಡಿದು, ಇನ್ನೊಂದರಲ್ಲಿ ಉಜ್ಜುತ್ತಿದ್ದಳು. ಅವ್ವ ಬಾಗಿಲಲ್ಲಿ ಮಣೆ ಹಾಕಿ ಕೂತು ಹುರುಳಿಕಾಯಿ ಸೋಸುತ್ತಾ, “ಈ ಕಡೆ ಇನ್ನೂ ಐತೆ, ಆ ಕಡೆ ಇನ್ನೂ ಐತೆ,” ಎಂದು ತೋರಿಸುತ್ತಿದ್ದಳು. ನಾನು ಅವಳ ಹಿಂದೆ ಕೈ ಕಟ್ಟಿಕೊಂಡು ನಿಂತಿದ್ದೆ. ಒಂದು ಮಾತು ಹೇಳಿದ್ದರೆ ಸಾಕಿತ್ತು.

ಅಜ್ಜಿ ನೀರು ಕೇಳಿದಳು. ಲೋಟ ತಂದು ಕೊಟ್ಟೆ. ಅವಳು ಲೋಟ ಈಸಿಕೊಂಡು, ಇನ್ನೊಂದು ಕೈಯಲ್ಲಿ ನನ್ನ ಮಣಿಕಟ್ಟು ಹಿಡಿದು ಅಂಗೈ ತಿರುಗಿಸಿ ನೋಡಿದಳು.

“ಗೋರಂಟಿ ಚೆನ್ನಾಗಿ ಇಡ್ದೈತೆ ಕಣೇ,” ಎಂದಳು. ನೀರು ಕುಡಿದು ಮತ್ತೆ ಬಗ್ಗಿದಳು.

ಕೆಂಪು ಹೋಗಲಿಲ್ಲ. ಮೂರನೆಯ ದಿನ ಅಜ್ಜಿ ತನ್ನ ನಾಲ್ಕು ಸೀರೆ ಗಂಟು ಕಟ್ಟಿಕೊಂಡು ಪೆನ್ನಾಗರಂನಲ್ಲಿದ್ದ ಮಗಳ ಮನೆಗೆ ಹೊರಟಳು. ಅಪ್ಪ ಬಸ್ಸು ಹತ್ತಿಸಿ ಬಂದ.

ನನಗೆ ಒಂದು ವಾರ ಅನ್ನ ಸೇರಲಿಲ್ಲ. ಕೊನೆಗೆ ಅವ್ವನ ಮುಂದೆ ನಿಂತು ಅತ್ತುಬಿಟ್ಟೆ. “ಅವ್ವಾ, ಅದು ಅಜ್ಜಿ ಅಲ್ಲ. ನನ್ನ ಗೋರಂಟಿ.”

ಅವಳು ಒಲೆಯಿಂದ ಮುಖ ತಿರುಗಿಸಲಿಲ್ಲ. “ಗೊತ್ತು. ನಂಗೇನು ಕಣ್ಣಿಲ್ವಾ? ತೂಬಿನಾಗೆ ಸೊಪ್ಪಿನ ಚೂರು ಸಿಕ್ಕಂಡಿತ್ತು.”

“ಮತ್ತೆ ಯಾಕೆ ಅಜ್ಜಿ ಕೈಯಾಗೆ ಉಜ್ಜಿಸ್ದೆ?”

ಆಗ ಹೇಳಿದಳು. ನನಗಿಂತ ಮೊದಲು ಒಂದು ಗಂಡುಮಗು ಹುಟ್ಟಿತ್ತಂತೆ. ಹೆರಿಗೆಯ ಸೂತಕವೆಂದು ಅಜ್ಜಿ ಬಾಣಂತಿಯನ್ನೂ ಕೂಸನ್ನೂ ಹಿತ್ತಲಿನ ಗರಿಗುಡಿಸಲಲ್ಲಿ ಇಟ್ಟಳಂತೆ. ಮಾರ್ಗಶಿರದ ಚಳಿ. ಮಗುವಿಗೆ ಉಸಿರು ಕಟ್ಟುತ್ತಿದೆ, ಒಳಗೆ ಬಿಡಿ ಎಂದು ಅವ್ವ ಬಾಗಿಲು ಬಡಿದರೆ, ಹನ್ನೊಂದು ದಿನ ಆಗಲಿ ಎಂದಳಂತೆ. ಒಂಬತ್ತನೆಯ ದಿನ ಕೂಸು ಹೋಯಿತು.

“ಅವತ್ತೂ ನಿಮ್ಮಪ್ಪ ಆಫೀಸಿಗೆ ಓಗಿದ್ದ,” ಎಂದಳು. “ಓಗು, ಮಕ ತೊಳ್ಕಂಡು ಓದ್ಕೋ.”

ಆ ಭಾನುವಾರ ಒಬ್ಬಳೇ ಧರ್ಮಪುರಿಗೆ ಹೋಗಿ, ಬಸ್ಸು ಬದಲಿಸಿ ಪೆನ್ನಾಗರಂ ಮುಟ್ಟಿದೆ. ಅಜ್ಜಿ ಜಗಲಿಯಲ್ಲಿ ಹುಣಸೆಹಣ್ಣು ಬಡಿದು ಬೀಜ ತೆಗೆಯುತ್ತಿದ್ದಳು.

“ಅಜ್ಜೀ, ಅವ್ವಂಗೆ ಏಳ್ಬಿಟ್ಟೆ. ಮನೆಗೆ ಬಾ.”

“ನಾನ್ಯಾಕೆ ಬರ್ಲಿ.”

“ನಿಂಗೆ ಗೊತ್ತಿತ್ತಲ್ಲ, ನಂದೇ ಅಂತ. ನನ್ನ ಕಾಪಾಡಾಕೆ ತಾನೆ ಸುಮ್ಕಿದ್ದೆ?”

ಅಜ್ಜಿ ನಕ್ಕಳು. ಅವಳು ಹಾಗೆ ನಗುವುದನ್ನು ನಾನು ನೋಡಿರಲಿಲ್ಲ. “ನಿನ್ನ ಕಾಪಾಡಾಕೆ ನನ್ನ ಮಂಡಿ ಯಾಕೆ ತೇಯ್ಸ್ಕಳ್ಳಲಿ? ಅವತ್ತೇ ಏಳಿದ್ರೆ ನಿಮ್ಮವ್ವ ಎರಡೇಟು ಆಕ್ತಿದ್ಲು, ಸಾಯಂಕಾಲಕ್ಕೆ ನೀನು ಮರೀತಿದ್ದೆ. ಏಳ್ದೇ ಇದ್ರೆ ಸಾಯೋಗಂಟ ತಲೆ ಮ್ಯಾಲೆ ಇಟ್ಕಂಡು ತಿರುಗ್ತೀಯ. ತಿರುಗು.”

ನನಗೆ ಹಟ ಬಂತು. ಸತ್ತ ಮಗುವಿನ ಮಾತೆತ್ತಿದೆ. ಅವಳು ಹುಣಸೆ ಬಡಿಯುವುದನ್ನು ನಿಲ್ಲಿಸಲಿಲ್ಲ.

“ಆ ಕಾಲ್ದಾಗೆ ಎಲ್ರೂ ಅಂಗೇ ಇದ್ದದ್ದು. ನಮ್ಮತ್ತೆ ನನ್ನ ಇಟ್ಟಿರ್ಲಿಲ್ವಾ? ನನ್ ಮಕ್ಳು ಗಟ್ಟಿ, ಉಳ್ಕಂಡ್ವು. ಅದು ಉಳೀಲಿಲ್ಲ.”

ಹೊರಟಾಗ ಒಂದು ಸೇರು ಹುಣಸೆಹಣ್ಣು ಕಾಗದದಲ್ಲಿ ಸುತ್ತಿ ಕೊಟ್ಟಳು. ಅವ್ವ ಅದನ್ನು ಬಿಚ್ಚಿ, ಮೂಸಿ ನೋಡಿ, ಅದರಲ್ಲೇ ಸಾರು ಮಾಡಿದಳು. ಅಪ್ಪ ಎರಡು ಸಲ ಹಾಕಿಸಿಕೊಂಡ.

ಅಜ್ಜಿ ಮತ್ತೆ ಓಮಲೂರಿಗೆ ಬರಲಿಲ್ಲ. ಮೂರು ವರ್ಷದ ಮೇಲೆ ಅಲ್ಲೇ ತೀರಿಕೊಂಡಳು. ನಾನಾಗ ಸೇಲಂನಲ್ಲಿ ಹಾಸ್ಟೆಲಿನಲ್ಲಿದ್ದೆ, ಪರೀಕ್ಷೆ ನಡೆಯುತ್ತಿತ್ತು. ಮಣ್ಣು ಮಾಡಿ ಐದು ದಿನವಾದ ಮೇಲೆ ಅಪ್ಪ ಬಂದು ಹೇಳಿದ.

“ನಿನ್ ಪರೀಕ್ಸೆ ಕೆಡ್ತದೆ, ಏಳ್ಬ್ಯಾಡಿ ಅಂದ್ಲು ನಿಮ್ಮವ್ವ,” ಎಂದ.

ಬಸ್‌ಸ್ಟ್ಯಾಂಡಿನ ತನಕ ಅವನ ಜೊತೆ ನಡೆದೆ. ಯಾಕೆ ಬಂದು ಕರೆಯಲಿಲ್ಲ ಎಂದು ಅವನನ್ನೂ ಕೇಳಲಿಲ್ಲ, ಅವ್ವನನ್ನೂ ಕೇಳಲಿಲ್ಲ.