ಮೂರನೆಯ ಸಾಲಿನ ತಾಯಿ

ತೊಂಬತ್ತರ ದಶಕದ ನಡುಭಾಗ. ಆಗ ನಾನು ಅರಸೀಕೆರೆಯ ಒಂದು ಚಿತ್ರಮಂದಿರದಲ್ಲಿ ಪ್ರೊಜೆಕ್ಟರ್ ನಡೆಸುವ ಆಪರೇಟರ್ ಆಗಿದ್ದೆ. ಹೊಸ ಚಿತ್ರ ಸಿಗದ ವಾರಗಳಲ್ಲಿ ಮಾಲೀಕರು ಹಳೆಯ ಪೌರಾಣಿಕ ಚಿತ್ರಗಳನ್ನು ತರಿಸುತ್ತಿದ್ದರು. ಅಂಥದ್ದೊಂದು ಕಪ್ಪುಬಿಳುಪು ಚಿತ್ರ ಓಡುತ್ತಿದ್ದ ವಾರದ ಸಂಗತಿ ಇದು.

ಮ್ಯಾಟಿನಿ ಮುಗಿದಿತ್ತು. ಪ್ರೊಜೆಕ್ಟರ್ ಕೋಣೆಯ ಮೆಟ್ಟಿಲ ಮೇಲೆ ಎಪ್ಪತ್ತರ ಆಸುಪಾಸಿನ ಹೆಂಗಸೊಬ್ಬರು ಏದುಸಿರು ಬಿಡುತ್ತ ನಿಂತಿದ್ದರು. ಹೆಸರು ನಂಜಮ್ಮ. ಹಳೇಬೀಡಿನ ಪಕ್ಕದ ಬಸ್ತಿಹಳ್ಳಿಯಲ್ಲಿ ತಮ್ಮನ ಮನೆಯಲ್ಲಿದ್ದರು. ಗೋಡೆಯ ಮೇಲಿನ ಪೋಸ್ಟರ್ ನೋಡಿ ಬಸ್ ಹತ್ತಿ ಬಂದಿದ್ದರಂತೆ.

"ಪಟ್ಟಾಭಿಷೇಕದ ಸೀನು ಐತಲ್ಲಪ್ಪ, ಅಲ್ಲಿ ಒಂದು ಗಳಿಗೆ ಪಿಚ್ಚರ್ ನಿಲ್ಸಕ್ಕಾಯ್ತದಾ?" ಎಂದು ಕೇಳಿದರು.

ಆಗುವುದಿಲ್ಲವೆಂದೆ. ನಮ್ಮ ಯಂತ್ರಕ್ಕೆ ಬೆಳಕು ಬರುತ್ತಿದ್ದದ್ದು ಬಲ್ಬಿನಿಂದಲ್ಲ, ಎರಡು ಕಾರ್ಬನ್ ಕಡ್ಡಿಗಳ ನಡುವೆ ಉರಿಯುವ ಕಿಡಿಯಿಂದ. ಅದರ ಮುಂದೆ ಫಿಲ್ಮ್ ಅಲುಗಾಡದೆ ನಿಂತರೆ ಸುಟ್ಟು ತೂತಾಗುತ್ತದೆ. ಅದನ್ನು ವಿವರಿಸಿ, "ಯಾಕಮ್ಮ?" ಎಂದೆ.

"ಅದ್ರಾಗೆ ನಾನಿದೀನಿ. ನನ್ ಮಗಳೂ ಅವ್ಳೆ."

ಅವರ ಗಂಡ ನಾಟಕ ಕಂಪನಿಯಲ್ಲಿ ಹಾರ್ಮೋನಿಯಂ ನುಡಿಸುತ್ತಿದ್ದವರು. ಕಂಪನಿ ಮುಚ್ಚಿದಾಗ ಇಬ್ಬರೂ ಮದರಾಸಿಗೆ ಹೋದರು. ಅಲ್ಲಿ ನಂಜಮ್ಮ ಸ್ಟುಡಿಯೋಗಳಲ್ಲಿ ಎಕ್ಸ್‌ಟ್ರಾ ಆದರು. ಎಕ್ಸ್‌ಟ್ರಾ ಎಂದರೆ ಗುಂಪಿನಲ್ಲಿ ನಿಲ್ಲುವವರು. ಮಾತಿಲ್ಲ, ಪರದೆಯ ಮೇಲೆ ಹೆಸರಿಲ್ಲ. ಇವತ್ತು ದಾಸಿ, ನಾಳೆ ಋಷಿಪತ್ನಿ. ಬೆಳಕು ಹರಿಯುವ ಮೊದಲೇ ಬಣ್ಣ ಬಳಿದುಕೊಂಡು, ಕರೆಯುವವರೆಗೆ ಷೆಡ್ಡಿನ ನೆರಳಲ್ಲಿ ಕೂತಿರಬೇಕು. ಮುಖ ಕ್ಯಾಮೆರಾಕ್ಕೆ ಬಿತ್ತೋ ಇಲ್ಲವೋ, ಯಾರೂ ಹೇಳುತ್ತಿರಲಿಲ್ಲ. ಈ ಚಿತ್ರಕ್ಕೆ ಪುರಜನರ ನಡುವೆ ಕೂಸನ್ನೆತ್ತಿಕೊಂಡ ತಾಯಿಯೊಬ್ಬಳು ಬೇಕೆಂದರಂತೆ. ನಂಜಮ್ಮ ತಮ್ಮ ಮಗಳು ಗಿರಿಜೆಯನ್ನೇ ಎತ್ತಿಕೊಂಡು ನಿಂತರು. ಚಿತ್ರ ತೆರೆ ಕಾಣುವ ಮೊದಲೇ ಮಗು ಜ್ವರದಿಂದ ತೀರಿಕೊಂಡಿತು. ಗಂಡಹೆಂಡತಿ ಮದರಾಸು ಬಿಟ್ಟರು. ಮತ್ತೆ ಮಕ್ಕಳಾಗಲಿಲ್ಲ.

"ಒಂದು ಪೋಟೋನೂ ತೆಗ್ಸಿರ್ಲಿಲ್ಲ ಕಣಪ್ಪ. ಅವಳ ಅಳು ಗ್ಯಾಪಕ ಐತೆ, ಲಂಗದ ಬಣ್ಣ ಗ್ಯಾಪಕ ಐತೆ. ಮುಖ ಮಾತ್ರ ಬರಾಕಿಲ್ಲ. ಇವತ್ತು ಕಣ್ಣು ಮಿಟುಕಿಸ್ದೆ ಕೂತಿದ್ದೆ. ಬಂತು ಅನ್ನಷ್ಟ್ರಲ್ಲಿ ಹೊಂಟೋಯ್ತು."

ತುಂಡಾದ ಫಿಲ್ಮ್ ಅಂಟಿಸಲು ನಮ್ಮಲ್ಲೊಂದು ಮೇಜಿತ್ತು. ಮೇಲೆ ಗಾಜು, ಅದರಡಿ ಬಲ್ಬು. ಆ ದೃಶ್ಯದ ರೀಲನ್ನು ತಂದು ಗಾಜಿನ ಮೇಲೆ ಎಳೆದು ಹಿಡಿದೆ, ಭೂತಗನ್ನಡಿಯನ್ನು ಅವರ ಕೈಗೆ ಕೊಟ್ಟೆ. ಅಂಚೆಚೀಟಿಗಿಂತ ಚಿಕ್ಕದಾದ ಆ ಚೌಕದಲ್ಲೂ ನಂಜಮ್ಮ ತಮ್ಮನ್ನು ಕೂಡಲೇ ಗುರುತಿಸಿದರು. ಮೂರನೆಯ ಸಾಲು, ಕಂಬದ ಪಕ್ಕ. ಎಳೆಯ ಮುಖ ನಿಚ್ಚಳವಾಗಿ ಬಿದ್ದಿತ್ತು. ತೋಳಿನಲ್ಲಿ ಮಗುವಿತ್ತು. ಆದರೆ ಮಗುವಿನ ಮುಖಕ್ಕೆ ತಾಯಿಯ ಅಂಗೈ ಅಡ್ಡವಾಗಿತ್ತು.

ಮುಂದಿನ ಚೌಕಕ್ಕೆ ಸರಿಸಿದೆ. ಅಲ್ಲೂ ಅಂಗೈ. ಇನ್ನೂ ಸರಿಸಿದೆ. ದೃಶ್ಯ ಮುಗಿಯುವವರೆಗೂ ಆ ಕೈ ಕದಲಲೇ ಇಲ್ಲ.

ಅವರು ಭೂತಗನ್ನಡಿ ಕೆಳಗಿಟ್ಟರು.

"ಸ್ಟುಡಿಯೋದಾಗೆ ಅದೇನು ಲೈಟಪ್ಪ, ಬ್ಯಾಸ್ಗೆ ಬಿಸ್ಲು ಇದ್ದಂಗೆ. ಕಣ್ಣಿಗೆ ಚುಚ್ತದೆ ಅಂತ ಒಂದೇ ಸಮ ಅಳ್ತಿದ್ಲು. ನಾನೇ ಕೈ ಅಡ್ಡ ಇಟ್ಟೆ. ನಾನೇ..."

ನೀರು ಕೊಟ್ಟೆ. ಲೋಟ ಹಿಡಿದುಕೊಂಡೇ ಕೂತರು, ಕುಡಿಯಲಿಲ್ಲ.

ಚಿತ್ರದ ಕೊನೆಯ ದಿನ ಅವರು ಮತ್ತೆ ಮೆಟ್ಟಿಲು ಹತ್ತಿ ಬಂದರು.

"ಆ ಸೀನು ಬಂದಾಗ ಬೆಳಕು ಒಸಿ ಕಮ್ಮಿ ಮಾಡಪ್ಪ. ಮಗೀಗೆ ಚುಚ್ತದೆ."

ಅವರಿಗೆ ಬುದ್ಧಿ ಕದಡಿರಲಿಲ್ಲ. ಎಲ್ಲ ತಿಳಿದೇ ಕೇಳುತ್ತಿದ್ದರು. ನಾನು ಹೂಂ ಎಂದೆ.

ಪಟ್ಟಾಭಿಷೇಕ ಬಂದಾಗ ಕಾರ್ಬನ್ ಕಡ್ಡಿಗಳನ್ನು ಒಂದಿಷ್ಟು ದೂರ ಸರಿಸಿದೆ. ಪರದೆಯ ಮೇಲೆ ಮಬ್ಬು ಕವಿಯಿತು. ಜನ ಸಿಳ್ಳೆ ಹೊಡೆದರು, ಬೆಂಚು ಕುಟ್ಟಿದರು. ಮ್ಯಾನೇಜರು ಕೆಳಗಿನಿಂದ, "ಏನ್ಲಾ ಅದು, ಕಾರ್ಬನ್ ಮುಗೀತಾ?" ಎಂದು ಕೂಗಿದರು. "ಸರಿ ಮಾಡ್ತಿದೀನಿ ಸಾ" ಎಂದೆ, ಆದರೆ ಪರದೆಯ ಮೇಲಿನ ಆ ಗುಂಪು ದಾಟಿಹೋಗುವವರೆಗೆ ಕಡ್ಡಿ ಮುಟ್ಟಲಿಲ್ಲ. ಆಟ ಮುಗಿದು ದೀಪ ಹಾಕಿದಾಗ ನಂಜಮ್ಮ ಕೂತಿದ್ದ ಜಾಗ ಖಾಲಿಯಾಗಿತ್ತು. ಮತ್ತೆಂದೂ ಅವರನ್ನು ನೋಡಲಿಲ್ಲ.

ಫೋಕಸ್ ಸರಿಯಿದೆಯೇ ಎಂದು ಆಪರೇಟರ್ ಗೋಡೆಯ ಕಿಂಡಿಯಿಂದ ನೋಡುವುದು ನಾಯಕ ನಾಯಕಿಯರ ಮುಖವನ್ನು. ನನಗೆ ಕೆಲಸ ಕಲಿಸಿದವರು ಹಾಗೆಂದೇ ಹೇಳಿಕೊಟ್ಟಿದ್ದರು. ಆ ವಾರದ ನಂತರ, ನಿವೃತ್ತನಾಗುವವರೆಗೂ, ನಾನು ಪರದೆಯ ಮೇಲಿನ ಗುಂಪಿನಲ್ಲಿ ಹಿಂದಿನ ಸಾಲಿನ ಮುಖಗಳನ್ನು ನೋಡಿಯೇ ಫೋಕಸ್ ಹೊಂದಿಸಿದೆ. ಕೆಳಗೆ ಕತ್ತಲಲ್ಲಿ ಕೂತವರಲ್ಲಿ ಯಾರೋ ಒಬ್ಬರು ಆ ಸಾಲಿನಲ್ಲಿ ತಮ್ಮವರನ್ನು ಹುಡುಕುತ್ತಿರಬಹುದು. ನನ್ನ ಕೆಲಸ ನನಗೆ ಕಲಿಸಿದ್ದು ಇದನ್ನೇ.