ಗೇಟು ಎತ್ತಲು ಹೇಳಿದವನು ನಾನೇ

ಗೇಟು ಎತ್ತು ಎಂದು ಫಕೀರಪ್ಪನಿಗೆ ಹೇಳಿದವನು ನಾನು. ಇಲಾಖೆಯ ವಿಚಾರಣೆಯಲ್ಲಿ, ಹಾಗೆ ಹೇಳಿಯೇ ಇಲ್ಲ ಎಂದವನೂ ನಾನೇ. ಈ ಎರಡು ಮಾತನ್ನು ಒಟ್ಟಿಗೆ ಆಡಲು ನನಗೆ ಇಷ್ಟು ವರ್ಷ ಬೇಕಾಯಿತು — ನಿವೃತ್ತಿಯಾಗಿ, ಹೆಂಡತಿ ತೀರಿಹೋಗಿ, ರೋಣದ ಈ ಬಾಡಿಗೆ ಮನೆಯಲ್ಲಿ ಸಂಜೆತನಕ ಮಾತಿಗೆ ಒಬ್ಬರಿಲ್ಲದಂತಾದ ಮೇಲೆ.

ಆಗ ನಾನು ನೀರಾವರಿಯ ಕಿರಿಯ ಎಂಜಿನಿಯರ್. ಚಿಕ್ಕನರಗುಂದದ ಕಡೆಯ ಕಾಲುವೆ ನನ್ನ ಸುಪರ್ದಿಗಿತ್ತು. ಅದರ ಗೇಟು ನೋಡಿಕೊಳ್ಳುವವನು ಜಕ್ಕಲಿಯ ಫಕೀರಪ್ಪ. ಆಗಿನ್ನೂ ಮದುವೆಯಾಗದೆ ಒಬ್ಬನೇ ಇದ್ದ ನನಗೆ ಅವನ ಬುತ್ತಿಯ ರೊಟ್ಟಿಯಲ್ಲಿ ದಿನವೂ ಪಾಲು. ದಂಡೆಯ ಜಾಲಿ ನೆರಳಲ್ಲಿ ಕೂತು ಉಣ್ಣುತ್ತಿದ್ದೆವು. ಅವನನ್ನು ಗೆಳೆಯನೆಂದು ಯಾರ ಮುಂದೆಯೂ ಹೇಳಿಕೊಂಡವನಲ್ಲ ನಾನು. ಬೇರೆ ಗೆಳೆಯರಂತೂ ಇರಲಿಲ್ಲ.

ಒಂದು ಸಲ ಮೇಲಧಿಕಾರಿಗಳು ಕಾಲುವೆ ನೋಡಲು ಮರುದಿನ ಬರುವವರಿದ್ದರು. ಕಾಲುವೆಯ ಕೊನೆಯ ಹೊಲಗಳಿಗೂ ನೀರು ತಲುಪುತ್ತಿದೆ ಎಂದು ತೋರಿಸಬೇಕಿತ್ತು. ಒಂದು ಕಡೆ ದಂಡೆ ಕುಸಿಯುತ್ತಿರುವುದನ್ನು ಹಿಂದಿನ ವಾರವಷ್ಟೇ ಕಣ್ಣಾರೆ ಕಂಡಿದ್ದೆ. ಕಂಡೂ ಆ ಸಂಜೆ ಫಕೀರಪ್ಪನಿಗೆ ಫೋನ್ ಮಾಡಿ ಗೇಟು ಎತ್ತಲು ಹೇಳಿದೆ.

“ಪೂರಾ ಎತ್ತಲೇನ್ರಿ?”

“ಹೂಂ, ಪೂರಾ.”

ನಸುಕಿಗೆ ದಂಡೆ ಒಡೆಯಿತು. ಕೆಳಗಿನ ಹೊಲದಲ್ಲಿ ಹನಮಪ್ಪ ಎಂಬ ರೈತ ಕಟ್ಟಿದ್ದ ಎತ್ತಿನ ಜೋಡಿ ನೀರಲ್ಲಿ ಮುಳುಗಿ ಸತ್ತಿತು. ಹಗ್ಗ ಬಿಗಿಯಾಗಿತ್ತು. ಬಿಡಿಸಿಕೊಳ್ಳಲು ಎಳೆದಾಡಿದ ಗುರುತು ಅವುಗಳ ಕೊರಳಲ್ಲಿತ್ತು — ಅದನ್ನು ನಾನು ಬಗ್ಗಿ ನೋಡಿದ್ದೇನೆ.

ಊರು ಕಚೇರಿಯ ಮುಂದೆ ಬಂದು ಕೂತಿತು. ಯಾರಾದರೊಬ್ಬರು ತಪ್ಪಿತಸ್ಥರಾಗಬೇಕಿತ್ತು. ನನ್ನ ಬಡ್ತಿ ಹತ್ತಿರವಿತ್ತು.

ಅಪ್ಪಣೆಯಿಲ್ಲದೆ ಗೇಟು ಎತ್ತಿದನೆಂಬ ಆರೋಪ ಫಕೀರಪ್ಪನ ಮೇಲೆ ಬಂತು; ನಾನು ಸಾಕ್ಷಿ. ವಿಚಾರಣೆಯಲ್ಲಿ ಅಧಿಕಾರಿ ಕೇಳಿದರು, “ಗೇಟು ಎತ್ತಲು ನೀವು ಆದೇಶ ಕೊಟ್ಟಿದ್ದಿರಾ?” ಇಲ್ಲ ಎಂದೆ. ಆಮೇಲೆ ಫಕೀರಪ್ಪನ ಕಡೆ ತಿರುಗಿ, ಸಾಕ್ಷಿಯನ್ನು ನೀನೇನಾದರೂ ಕೇಳುವುದಿದೆಯೇ ಎಂದರು. ಅವನು ಎದ್ದು ನಿಂತ.

“ಸಾಹೇಬ್ರ, ಆವತ್ತ ಸಂಜಿಮುಂದ ನೀವು ನನಗ ಫೋನ್ ಮಾಡಿದ್ದಿಲ್ಲೇನ್ರಿ?”

“ಮಾಡಿದ್ದೆ. ನೀರಿನ ಮಟ್ಟ ಕೇಳೋದಕ್ಕೆ.”

ಅವನು ನನ್ನನ್ನು ನೋಡಿದ. ಸಿಟ್ಟಿರಲಿಲ್ಲ ಆ ನೋಟದಲ್ಲಿ — ಸಿಟ್ಟಿದ್ದರೆ ನಾನಿವತ್ತು ಇಷ್ಟು... ಇರಲಿ. “ಮತ್ತೇನಿಲ್ರಿ” ಎಂದು ಕೂತುಬಿಟ್ಟ.

ಅವನನ್ನು ನೌಕರಿಯಿಂದ ವಜಾ ಮಾಡಿದರು. ಅವನು ಧಾರವಾಡದ ಕೋರ್ಟಿಗೆ ಹೋದ. ಧಾರವಾಡದ ಬಸ್ಸಿಗೆ ಕಾಯುತ್ತ ನಿಂತಿದ್ದ ಅವನನ್ನು ಎಷ್ಟೋ ಸಲ ದೂರದಿಂದ ಕಂಡು, ದಾರಿ ಬದಲಿಸಿ ನಡೆದಿದ್ದೇನೆ. ಕೋರ್ಟು ಸತ್ಯವನ್ನು ಕೆದಕಿ ತೆಗೆಯುತ್ತದೆ ಎಂದು ಹೆದರಿದ್ದೆ. ಆದರೆ ಇಂಥ ಪ್ರಕರಣದಲ್ಲಿ ಕೋರ್ಟು ಸಾಕ್ಷ್ಯವನ್ನು ಹೊಸದಾಗಿ ತೂಗುವುದಿಲ್ಲವಂತೆ. ವಿಚಾರಣೆ ನಿಯಮದಂತೆ ನಡೆದಿದೆಯೇ, ಆರೋಪಕ್ಕೆ ಆಧಾರವಿದೆಯೇ, ಶಿಕ್ಷೆ ತಪ್ಪಿಗೆ ಮೀರಿದೆಯೇ — ನೋಡುವುದು ಇಷ್ಟನ್ನೇ. ಆಧಾರವಿತ್ತು. ನಾನೇ ಆ ಆಧಾರ. ತಪ್ಪು ಸಾಬೀತಾಗಿದೆ, ಆದರೆ ಇಷ್ಟು ವರ್ಷ ಕಳಂಕವಿಲ್ಲದೆ ದುಡಿದವನಿಗೆ ವಜಾ ವಿಪರೀತವಾಯಿತು ಎಂದು, ವೇತನ ಬಡ್ತಿ ತಡೆದು ಮರಳಿ ಕೆಲಸಕ್ಕೆ ತೆಗೆದುಕೊಳ್ಳಲು ಆದೇಶವಾಯಿತು.

ನನಗೆ ಎದೆಯ ಭಾರ ಇಳಿದಂತಾಯಿತು. ನಾಚಿಕೆಯಿಲ್ಲದೆ ಪೇಢೆ ಹಿಡಿದು ಜಕ್ಕಲಿಗೆ ಹೋದೆ. ಅವನು ಕೂಡಲು ಹೇಳಿದ, ನೀರು ಕೊಟ್ಟ.

“ನೌಕರಿ ಬಂತ್ರಿ, ಚಲೋ ಆತು. ಖರೇ ಹೇಳಬೇಕಂದ್ರ, ನಾ ದಯಾ ಬೇಡಾಕ ಹೋಗಿದ್ದಿಲ್ರಿ. ತಪ್ಪು ನಂದಲ್ಲ ಅಂತ ಹೇಳಸಾಕ ಹೋಗಿದ್ದೆ. ಅದು ಆಗಲಿಲ್ಲ. ಹನಮಪ್ಪ ಇವತ್ತಿಗೂ ನನ್ನ ಮಾರಿ ನೋಡೂದಿಲ್ಲ.”

ಆಗಲೂ ನಾನು ಬಾಯಿ ಬಿಡಲಿಲ್ಲ. ನೀರು ಕುಡಿದು ಎದ್ದು ಬಂದೆ. ಅವನು ನಿವೃತ್ತನಾದ, ನಾನೂ ಆದೆ.

ಕಳೆದ ತಿಂಗಳು ಚಿಕ್ಕನರಗುಂದಕ್ಕೆ ಹೋಗಿ ಹನಮಪ್ಪನಿಗೆ ಎಲ್ಲವನ್ನೂ ಹೇಳಿದೆ. ಮುದುಕ ಕಟ್ಟೆಯ ಮೇಲೆ ಕೂತು ಪೂರ್ತಿ ಕೇಳಿಸಿಕೊಂಡ. ಬೈದಿದ್ದರೆ ಹಗುರಾಗುತ್ತಿತ್ತೇನೋ.

“ಫಕೀರಪ್ಪನ ಮುಂದ ಇದನ್ನ ಹೇಳೀರೇನು?”

“ಅವನಿಗೆ ಮೊದಲೇ ಗೊತ್ತಲ್ಲ.”

“ಗೊತ್ತಿರೂದು ಬ್ಯಾರೆ. ನೀವು ಹೇಳೀರೇನು ಅಂತ ಕೇಳಾಕತ್ತೀನಿ.”

ಇಲ್ಲ. ಹೇಳಿರಲಿಲ್ಲ. ಒಮ್ಮೆಯೂ.

ಮರುದಿನ ಜಕ್ಕಲಿಗೆ ಹೋದೆ. ಫಕೀರಪ್ಪ ಬಾಗಿಲಲ್ಲೇ ನಿಂತ. ಈ ಸಲ ಕೂಡಲು ಹೇಳಲಿಲ್ಲ. ನಿಂತುಕೊಂಡೇ ಹೇಳಿದೆ — ನಾನು ಎತ್ತು ಎಂದೆ, ನಾನು ಸುಳ್ಳಾಡಿದೆ, ನನ್ನಿಂದ ತಪ್ಪಾಯಿತು. ಇಲಾಖೆಗೂ ಬರೆದು ಕೊಡುತ್ತೇನೆ ಎಂದೆ.

“ಕೊಡ್ರಿ,” ಎಂದ. “ನಿನ್ನಿ ಸಂಜಿಗೆ ಹನಮಪ್ಪ ಬಂದಿದ್ದ. ನಮ್ಮನ್ಯಾಗ ಉಂಡು ಹ್ವಾದ.”

ಒಳಗೆ ರೊಟ್ಟಿ ಬಡಿಯುವ ಸಪ್ಪಳ ಕೇಳುತ್ತಿತ್ತು. ನನ್ನನ್ನು ಉಣ್ಣಲು ಕರೆಯಲಿಲ್ಲ. ಕರೆಯಬೇಕಾಗಿಯೂ ಇರಲಿಲ್ಲ. ಇಲಾಖೆಗೆ ಬರೆದುಕೊಟ್ಟು ಬಂದಿದ್ದೇನೆ. ಏನು ಶಿಕ್ಷೆ ಕೊಡುತ್ತಾರೋ ಕೊಡಲಿ — ನಾನು ಕೋರ್ಟಿಗೆ ಹೋಗುವುದಿಲ್ಲ.