ಕೆಂಪು ಚೌಕಗಳ ಸ್ವೆಟರ್

ಬೆಳಗಾವಿಯ ಟಿಳಕವಾಡಿಯಲ್ಲಿ ಗೆಳತಿಯ ಮನೆಯ ಮಹಡಿ ಮೇಲೆ ಕೂತು ನಾವಿಬ್ಬರೂ ಒಂದು ಭಯದ ವಿಡಿಯೊ ಗೇಮ್ ಮಾಡುತ್ತಿದ್ದೆವು. ಕಥೆ ನನ್ನದು, ಚಿತ್ರ ಅವಳದು. ಖಾನಾಪುರದ ಮನೆಯೊಂದರಿಂದ ಅಣ್ಣ ಕಾಣೆಯಾಗುತ್ತಾನೆ. ಆಡುವವನು ತಮ್ಮನಾಗಿ ಕೋಣೆ ಕೋಣೆ ಹುಡುಕುತ್ತಾನೆ. ನಮ್ಮ ಮನೆಯಲ್ಲಿ ನಡೆದದ್ದೂ ಇದೇ. ನಾನು ಎಂ.ಎ. ಓದುತ್ತಿದ್ದಾಗ, ನಂದಗಡದ ಸಂತೆಗೆಂದು ಹೋದ ಅಣ್ಣ ಮರಳಲಿಲ್ಲ.

“ಕೊನಿಗೆ ಸಿಗತಾನೋ ಇಲ್ಲೋ?” ಎಂದು ಗೆಳತಿ ಕೇಳಿದಳು.

“ಗೊತ್ತಿಲ್ಲ.”

“ಕಥಿ ಬರಿಯಾಂವ ನೀನೋ ನಾನೋ? ಆಡಾವ್ರು ಬೈತಾರ ನೋಡು.”

ಹಳೆಯ ಕಾಲದ ಕಂಪ್ಯೂಟರ್ ಆಟದಂತೆ ಕಾಣಲೆಂದು ಅವಳು ಎಲ್ಲವನ್ನೂ ದಪ್ಪ ಚೌಕಗಳಲ್ಲಿ ಬಿಡಿಸುತ್ತಿದ್ದಳು. ಮುಖಕ್ಕೆ ಕಣ್ಣು ಮೂಗು ಇರಲಿಲ್ಲ. ಅಣ್ಣನ ಗುರುತು ಸ್ವೆಟರ್ ಒಂದೇ. ನಾನು ಬೂದು ಎಂದು ಬರೆದುಕೊಟ್ಟಿದ್ದೆ. ಅವಳು ಕೆಂಪು ಮಾಡಿದ್ದಳು.

“ಇರೂದ ಹದಿನಾರು ಬಣ್ಣ. ಗ್ವಾಡಿ, ಕತ್ತಲಿ ಎಲ್ಲಾ ಬೂದಿನ ಐತಿ. ನಿಮ್ಮಣ್ಣ ಅದರಾಗ ಕಾಣಬೇಕಲ್ಲೋ.”

ಡಾಕ್ಟರಿಗೆ ಹಲ್ಲು ತೋರಿಸಲು ಊರಿನಿಂದ ಬಂದಿದ್ದ ಅವ್ವ ಒಂದು ಮಧ್ಯಾಹ್ನ ಪರದೆಯ ಮುಂದೆ ನಿಂತಳು. ಹಿತ್ತಲ ಬಾಗಿಲಿನಿಂದ ಕೆಂಪು ಸ್ವೆಟರಿನವನು ಹೊರಬೀಳುತ್ತಿದ್ದ.

“ಇದನ್ನ ಹಾಕ್ಕೊಂಡ ಹ್ವಾದ,” ಎಂದಳು.

“ಬೂದಿ ಬಣ್ಣದ್ದಲ್ಲೇನವ್ವಾ? ಹಿತ್ತಲಿಂದ ಹೋಗೂದ ನಾನ ನೋಡೇನಿ.”

“ನೀ ಎಲ್ಲಿ ನೋಡಿದಿ? ಆವತ್ತ ಧಾರವಾಡದಾಗ ಹಾಸ್ಟೆಲಿನ್ಯಾಗಿದ್ದಿ. ಸ್ವೆಟರ್ ಹೆಣದಾಕಿ ನಾನಪಾ.”

“ಮತ್ತ ಮದಲ ಯಾಕ ಹೇಳಲಿಲ್ಲ?”

“ನನ್ನ ಯಾರು ಕೇಳಿದ್ರು? ಎಲ್ಲಾರಿಗೂ ನೀನ ಹೇಳ್ಕೋತ ತಿರಗತಿದ್ದಿ.”

ಅದು ನಿಜ. ಓದಿದವನೆಂದು ಮನೆಯವರು ಎಲ್ಲ ಕಡೆ ನನ್ನನ್ನೇ ಕಳುಹಿಸುತ್ತಿದ್ದರು. ಮರುವರ್ಷ ಜಾಂಬೋಟಿಯ ಕಾಡಿನಲ್ಲಿ ಯಾರದೋ ಶವ ಸಿಕ್ಕಿತ್ತು. ಗುರುತಿಗೆ ಉಳಿದದ್ದು ಬಟ್ಟೆ ಮಾತ್ರ. ಪೊಲೀಸನೊಬ್ಬ ಅದನ್ನು ಕೋಲಿನಿಂದ ಎತ್ತಿ ತೋರಿಸಿದ. ಬೂದು ಅಲ್ಲ, ನಮ್ಮವನಲ್ಲ ಎಂದು ಹೇಳಿ ಬಸ್ಸು ಹತ್ತಿದೆ. ಅವ್ವನಿಗೂ ಅಷ್ಟೇ ಹೇಳಿದೆ. ಅಂದಿನಿಂದ ಅವಳು ಕಾಯುತ್ತಿದ್ದಾಳೆ.

ಆ ಬಟ್ಟೆ ಯಾವ ಬಣ್ಣದ್ದಿತ್ತೆಂದು ಆಗ ನನಗೆ ಗೊತ್ತಿತ್ತು, ಈಗ ನೆನಪಿಲ್ಲ. ಅವ್ವನ ನೆನಪೂ ಪರದೆಯನ್ನು ನೋಡಿ ಹುಟ್ಟಿದ್ದಿರಬಹುದು ಎಂದು ವಾದ ಹೂಡಿಕೊಂಡೆ. ಆದರೆ ನಾನು ಹಾಸ್ಟೆಲಿನಲ್ಲಿದ್ದೆ ಎಂಬುದನ್ನು ಯಾವ ಪರದೆ ಅವಳಿಗೆ ಹೇಳಿಕೊಟ್ಟಿತು?

ಊರಿಗೆ ಹೊರಟಾಗ ಅವ್ವ ಗೆಳತಿಯ ಕೈ ಹಿಡಿದು, “ಕಡೀಕ ಅಂವಾ ಸಿಗೂವಂಗ ಮಾಡವಾ,” ಎಂದಳು. ಗೆಳತಿ ಆಗಲೆಂದಳು. ಬರೆಯಬೇಕಾದವನು ನಾನು.

ಬರೆಯಲು ಕೂತಾಗಲೆಲ್ಲ ಅವನು ಸಿಗುವ ಜಾಗ ಒಂದೇ ಹೊಳೆಯುತ್ತದೆ. ಕೋಲಿನ ತುದಿಯ ಬಟ್ಟೆ ಈಗ ಕೆಂಪಾಗಿಯೇ ಕಾಣುತ್ತದೆ. ಆ ಕೆಂಪು ಚೌಕ ಚೌಕವಾಗಿದೆ.